ಸೆನ್ಸಾರ್ ಮೇಜಿನ ಮೇಲೆ ಶಿಷ್ಯನ ಅಕ್ಷರ

ಎರಡನೆಯ ಮಹಾಯುದ್ಧದ ಕಾಲದ ಮುಂಬಯಿಯನ್ನು ಕುರಿತು ನಾನು ಬರೆದ ಕಾದಂಬರಿಯಲ್ಲಿ ಮುಖ್ಯರಾದವರು ಇಬ್ಬರೇ. ಒಬ್ಬರು ಹಾವೇರಿ ಕಡೆಯಿಂದ ಬಂದ ಮಾಸ್ತರರು. ಹಗಲು ಸರ್ಕಾರದ ಅಂಚೆ ಸೆನ್ಸಾರ್ ಕಚೇರಿಯಲ್ಲಿ ಕನ್ನಡ ಪತ್ರಗಳನ್ನು ಒಡೆದು ಓದುವುದು ಅವರ ನೌಕರಿ, ರಾತ್ರಿ ಫೋರ್ಟ್ ಭಾಗದ ಒಂದು ಕನ್ನಡ ಶಾಲೆಯಲ್ಲಿ ಹೋಟೆಲ್ ಹುಡುಗರಿಗೆ ಪಾಠ ಹೇಳುವುದು ಅವರ ವ್ರತ. ಇನ್ನೊಬ್ಬ ಕುಂದಾಪುರದ ಹಳ್ಳಿಯೊಂದರಿಂದ ಮಂಗಳೂರಿಗೆ ಬಂದು, ಅಲ್ಲಿಂದ ಹಡಗು ಹತ್ತಿ ಮುಂಬಯಿಗೆ ಇಳಿದ, ಮಸ್ಜಿದ್ ಬಂದರಿನ ಹೋಟೆಲೊಂದರಲ್ಲಿ ಕಪ್ಪುಬಸಿ ತೊಳೆಯುವ ಮಾಣಿ. ಗುರುಶಿಷ್ಯರ ಪ್ರೀತಿಯನ್ನೂ ಇಬ್ಬಗೆಯ ನಿಷ್ಠೆಯನ್ನೂ ಒಂದೇ ಕಥೆಯಲ್ಲಿ ಹೆಣೆಯಲು ನಾನು ಯಾವ ದಾರಿ ಹಿಡಿದೆ ಎಂಬುದನ್ನು, ಇಂಥದ್ದೇ ಕೆಲಸಕ್ಕೆ ಕೈಹಾಕಿರುವವರಿಗೆ ನೆರವಾಗಬಹುದೆಂದು, ಇಲ್ಲಿ ಬರೆಯುತ್ತಿದ್ದೇನೆ.

ಸ್ವಾತಂತ್ರ್ಯ ಚಳವಳಿಯ ಕಾಲದ ಕಥೆ ಎಂದಕೂಡಲೇ ಒಂದು ಸುಲಭದ ಅಚ್ಚು ಸಿದ್ಧವಾಗಿ ಸಿಗುತ್ತದೆ. ಸರ್ಕಾರಿ ನೌಕರನು ಹೇಡಿ ಅಥವಾ ದ್ರೋಹಿ, ಕರಪತ್ರ ಹಂಚುವ ತರುಣನು ವೀರ. ಕೊನೆಗೆ ನೌಕರನ ಮನಸ್ಸು ಕರಗಿ ಅವನು ರಾಜೀನಾಮೆ ಬರೆದುಕೊಡುತ್ತಾನೆ. ಈ ಅಚ್ಚಿನಲ್ಲಿ ನಿಷ್ಠೆ ಇಬ್ಬಗೆಯಾಗುವುದೇ ಇಲ್ಲ, ಏಕೆಂದರೆ ಓದುಗರಿಗೆ ಯಾವ ಕಡೆ ಸರಿ ಎಂಬುದು ಮೊದಲ ಪುಟದಲ್ಲೇ ಗೊತ್ತಿರುತ್ತದೆ. ಒಬ್ಬ ಮನುಷ್ಯನ ಎರಡು ನಿಷ್ಠೆಗಳೂ ನಿಜವಾಗಿರಬೇಕು, ಎರಡರಿಂದಲೂ ಅವನು ದಿನನಿತ್ಯ ಏನನ್ನೋ ಪಡೆಯುತ್ತಿರಬೇಕು, ಒಂದನ್ನು ಬಿಟ್ಟರೆ ಅವನ ಬಾಳಿನ ಒಂದು ಭಾಗವೇ ಕುಸಿಯಬೇಕು. ಹಾಗಾದಾಗ ಮಾತ್ರ ಆ ಕಥೆಗೆ ಬರೆಯುವಷ್ಟು ಬಲ ಬರುತ್ತದೆ ಎಂದು ನಾನು ನಂಬಿದ್ದೇನೆ.

ಈ ನಂಬಿಕೆ ನನಗೆ ಬಂದದ್ದು, ವೇಷ ಕುಣಿತಗಳಿಲ್ಲದೆ ಕುಳಿತು ಮಾತಿನಲ್ಲೇ ಪ್ರಸಂಗ ನಡೆಸುವ ತಾಳಮದ್ದಳೆಯಿಂದ. ಕರಾವಳಿಯ ಜನ ಮುಂಬಯಿಗೆ ಬರುವಾಗ ತಮ್ಮೊಡನೆ ತಂದ ಕಲೆ ಅದು. ಇಲ್ಲಿನ ಸಭಾಂಗಣಗಳಲ್ಲಿ ಅರ್ಥಧಾರಿಗಳು ಮಹಾಭಾರತದ ಪಾತ್ರಗಳನ್ನು ನ್ಯಾಯಾಲಯದ ವಕೀಲರಿಗಿಂತ ಸೂಕ್ಷ್ಮವಾಗಿ ವಾದಕ್ಕಿಳಿಸುವುದನ್ನು ಕೇಳುತ್ತಲೇ ನಾನು ಬೆಳೆದೆ. ಕುರುಕ್ಷೇತ್ರದಲ್ಲಿ ಯುದ್ಧ ಶುರುವಾಗುವ ಮುನ್ನ ಧರ್ಮರಾಯನು ಆಯುಧ ಕೆಳಗಿಟ್ಟು, ರಥದಿಂದಿಳಿದು, ಶತ್ರುಸೇನೆಯ ನಡುವೆ ನಡೆದುಹೋಗಿ ದ್ರೋಣನ ಕಾಲಿಗೆರಗುತ್ತಾನೆ. ಮನುಷ್ಯ ಅರ್ಥಕ್ಕೆ ದಾಸ, ಕೌರವರ ಅನ್ನಕ್ಕೆ ನಾನು ಕಟ್ಟುಬಿದ್ದಿದ್ದೇನೆ, ಯುದ್ಧ ಅವರ ಪರವಾಗಿ ಮಾಡುತ್ತೇನೆ, ಆದರೆ ಗೆಲುವು ನಿನ್ನದಾಗಲೆಂದು ಹಾರೈಸುತ್ತೇನೆ ಎನ್ನುತ್ತಾನೆ ದ್ರೋಣ. ಅಷ್ಟಕ್ಕೇ ನಿಲ್ಲದೆ, ತನ್ನನ್ನು ಕೊಲ್ಲುವ ಬಗೆ ಯಾವುದೆಂದು ಶಿಷ್ಯನು ಕೇಳಿದಾಗ, ನಂಬಿಕೆಗೆ ಅರ್ಹನಾದವನ ಬಾಯಿಂದ ಸಹಿಸಲಾಗದ ಸುದ್ದಿ ಕೇಳಿದರೆ ತಾನು ಶಸ್ತ್ರ ಕೆಳಗಿಡುತ್ತೇನೆ ಎಂದು ತಾನೇ ಹೇಳಿಕೊಡುತ್ತಾನೆ. ಅನ್ನದ ಋಣ ಒಂದು ಕಡೆಗೆ, ವಿದ್ಯೆ ಕಲಿಸಿದ ಪ್ರೀತಿ ಇನ್ನೊಂದು ಕಡೆಗೆ. ಎರಡನ್ನೂ ಪೂರ್ತಿಯಾಗಿ ತೀರಿಸಲು ಹೊರಟ ಮನುಷ್ಯನು ತನ್ನ ಸಾವಿನ ದಾರಿಯನ್ನೇ ಶಿಷ್ಯನಿಗೆ ಪಾಠ ಹೇಳುತ್ತಾನೆ. ಈ ಒಂದು ಸಂದರ್ಭದಲ್ಲಿ ನನ್ನ ಕಾದಂಬರಿಗೆ ಬೇಕಾದ ಬೆನ್ನೆಲುಬು ಇತ್ತು. ನಾನು ಹುಡುಕಬೇಕಾಗಿದ್ದದ್ದು, 1940ರ ದಶಕದ ಮುಂಬಯಿಯಲ್ಲಿ ಒಬ್ಬ ಸಾಮಾನ್ಯ ಮಾಸ್ತರರು ಶಿಷ್ಯನಿಗೆ ಕಲಿಸಿದ ಯಾವ ವಿದ್ಯೆ ಅವರ ಕಡೆಗೇ ತಿರುಗಬಹುದು ಎಂಬುದನ್ನು.

ಉತ್ತರ ಪತ್ರಲೇಖನದಲ್ಲಿ ಸಿಕ್ಕಿತು. ಊರಿಗೆ ಒಂದು ಕಾಗದ ತಾನೇ ಬರೆಯಬೇಕು ಎಂಬ ಆಸೆಯಿಂದ ರಾತ್ರಿ ಶಾಲೆಗೆ ಬರುತ್ತಿದ್ದ ಹುಡುಗರು ಬಹಳ. ನಾನು ಮುಂಬಯಿಯ ಮಹಾನಗರಪಾಲಿಕೆಯ ಕನ್ನಡ ಶಾಲೆಯಲ್ಲಿ ಮೇಷ್ಟ್ರ ಕೆಲಸ ಮಾಡಿದವನು, ಕೆಲವು ವರ್ಷ ರಾತ್ರಿ ಶಾಲೆಯಲ್ಲಿಯೂ ಕಲಿಸಿದ್ದೇನೆ. ಇಡೀ ದಿನ ನೀರಿನಲ್ಲಿ ಕೈಯಾಡಿಸಿದ ಹುಡುಗನ ಬೆರಳ ತುದಿ ಸುಕ್ಕುಗಟ್ಟಿರುತ್ತದೆ. ಅವನು ಲೇಖನಿಯನ್ನು ಹಿಡಿಯುವುದು ತುದಿಯಲ್ಲಲ್ಲ, ಬೆರಳಿನ ನಡುವಿನ ಗೆಣ್ಣಿನಲ್ಲಿ, ಆದ್ದರಿಂದ ಅವನ ಅಕ್ಷರ ಬಲಕ್ಕೆ ವಾಲುತ್ತದೆ. ನೂರು ಉತ್ತರಪತ್ರಿಕೆಗಳನ್ನು ಕಲಸಿಟ್ಟರೂ ಹೆಸರು ನೋಡದೆ ಇದು ಇಂಥವನದು ಎಂದು ಹೇಳಬಲ್ಲ ಕಣ್ಣು ಕನ್ನಡ ಮೇಷ್ಟ್ರುಗಳಿಗೆ ತಾನಾಗಿಯೇ ಬರುತ್ತದೆ. ಒಬ್ಬನು ಪದ ಮುಗಿಸಿದ ಮೇಲೆ ಹಿಂದಕ್ಕೆ ಬಂದು ಎಲ್ಲ ಅಕ್ಷರಗಳಿಗೂ ಒಟ್ಟಿಗೆ ತಲೆಕಟ್ಟು ಹಾಕುತ್ತಾನೆ, ಇನ್ನೊಬ್ಬನು ಕೊಂಬನ್ನು ಸಾಲಿನ ಕೆಳಗಿನವರೆಗೆ ಎಳೆಯುತ್ತಾನೆ. ನನ್ನ ಕಾದಂಬರಿಯ ಹುಡುಗನು ಅರ್ಕಾವತ್ತನ್ನು ಹುಲ್ಲು ಕೊಯ್ಯುವ ಕತ್ತಿಯಂತೆ ದೊಡ್ಡದಾಗಿ ಬಾಗಿಸಿ ಬರೆಯುತ್ತಾನೆ. ಮಾಸ್ತರರು ಎಷ್ಟು ತಿದ್ದಿದರೂ ಅದು ಸಣ್ಣದಾಗುವುದಿಲ್ಲ. ಮುಂದೊಂದು ದಿನ ಸೆನ್ಸಾರ್ ಮೇಜಿನ ಮೇಲೆ ಒಡೆದಿಟ್ಟ ಕಾಗದದಲ್ಲಿ, ಬರೆದವನ ಹೆಸರನ್ನು ಓದುವ ಮುಂಚೆಯೇ, ಅವರ ಕಣ್ಣು ಆ ಅರ್ಕಾವತ್ತಿನ ಮೇಲೆ ಬೀಳುತ್ತದೆ.

ಸೆನ್ಸಾರಿನ ಕೆಲಸವನ್ನು ಕಣ್ಣಾರೆ ಕಂಡಂತೆ ಬರೆಯಲು ನನಗೆ ಒಂದು ವಸ್ತುವಾದರೂ ಕೈಯಲ್ಲಿ ಬೇಕಿತ್ತು. ಫೋರ್ಟಿನಲ್ಲಿ ಹಳೆಯ ಅಂಚೆಚೀಟಿ ಮಾರುವವರ ಬಳಿ ಯುದ್ಧಕಾಲದ ಲಕೋಟೆಗಳು ಈಗಲೂ ಸಿಗುತ್ತವೆ. ಲಕೋಟೆಯ ಒಂದು ಅಂಚನ್ನು ನೇರವಾಗಿ ಕತ್ತರಿಸಿ, ಓದಿ ಮುಗಿಸಿದ ಮೇಲೆ ಅದೇ ಅಂಚಿಗೆ ಒಂದು ಕಾಗದದ ಪಟ್ಟಿಯನ್ನು ಮಡಚಿ ಅಂಟಿಸಿ, ಪರೀಕ್ಷಕರು ಒಡೆದದ್ದು ಎಂದು ಇಂಗ್ಲಿಷಿನಲ್ಲಿ ಅಚ್ಚಾದ ಆ ಪಟ್ಟಿಯ ಮೇಲೆ ಮೊಹರು ಒತ್ತಿರುತ್ತಾರೆ. ಒಡೆದದ್ದನ್ನು ಮುಚ್ಚಿಡುವ ಪ್ರಯತ್ನವೇ ಅಲ್ಲಿ ಇರಲಿಲ್ಲ ಎಂಬುದು ನನ್ನನ್ನು ಬಹಳ ಯೋಚನೆಗೆ ಹಚ್ಚಿತು. ಕಾಗದ ಬರೆಯುವವನಿಗೂ ಪಡೆಯುವವನಿಗೂ ನಡುವೆ ಮೂರನೆಯವನೊಬ್ಬ ಓದುತ್ತಾನೆಂದು ಗೊತ್ತಿತ್ತು. ಆ ಮೂರನೆಯವನು ಯಾರೆಂದು ಮಾತ್ರ ಗೊತ್ತಿರಲಿಲ್ಲ. ಹಡಗುಗಳ ಹೆಸರು, ಅವು ಬಂದುಹೋಗುವ ದಿನ, ಸೇನೆ ಇರುವ ಸ್ಥಳ, ಬಂದರಿಗೆ ಆದ ಹಾನಿ, ಇವುಗಳಲ್ಲಿ ಯಾವುದೂ ಪತ್ರದಲ್ಲಿ ಉಳಿಯುವಂತಿರಲಿಲ್ಲ. ಉಳಿದಿದ್ದರೆ ಕತ್ತರಿ ಅಥವಾ ಮಸಿ.

ಹುಡುಗನ ಪತ್ರ ಸೆನ್ಸಾರಿಗೆ ಹೋಗಲೇಬೇಕಾದರೆ ಅದು ಹೊರದೇಶಕ್ಕೆ, ಅದರಲ್ಲೂ ಸೇನೆಗೆ ಹೋಗಬೇಕು. ಆದ್ದರಿಂದ ಅವನಿಗೆ ಒಬ್ಬ ಅಣ್ಣನನ್ನು ಕೊಟ್ಟೆ. ಬೆಂಗಳೂರಿನಲ್ಲಿ ಸೇನೆಯ ಎಂಜಿನಿಯರ್ ಪಡೆಯಾದ ಮದ್ರಾಸ್ ಸ್ಯಾಪರ್ಸ್‌ಗೆ ಸೇರಿ ಇಟಲಿಗೆ ಹೋದವನು. ಆ ಯುದ್ಧದಲ್ಲಿ ಭಾರತದಿಂದ 25 ಲಕ್ಷದಷ್ಟು ಜನ ತಾವಾಗಿ ಸೇನೆಗೆ ಸೇರಿದ್ದರು, ಅವರಲ್ಲಿ ಬಹಳ ಮಂದಿ ಹೊಟ್ಟೆಪಾಡಿಗಾಗಿ ಹೋದವರು. ಮದ್ರಾಸ್ ಸ್ಯಾಪರ್ಸಿನ ಸುಬೇದಾರ್ ಸುಬ್ರಮಣಿಯನ್ ಅವರು 1944ರ ಫೆಬ್ರವರಿಯಲ್ಲಿ ಇಟಲಿಯ ಮಿನ್ಯಾನೊ ಬಳಿ, ಜೊತೆಗಿದ್ದವರನ್ನು ಉಳಿಸಲು ಸಿಡಿಯಲಿದ್ದ ನೆಲಬಾಂಬಿನ ಮೇಲೆ ತಾವೇ ಬಿದ್ದು ಪ್ರಾಣ ಕೊಟ್ಟರು, ಅವರಿಗೆ ಮರಣೋತ್ತರವಾಗಿ ಜಾರ್ಜ್ ಕ್ರಾಸ್ ಎಂಬ ಬ್ರಿಟಿಷ್ ಶೌರ್ಯ ಪದಕ ಸಂದಿತು. ಇಂಥ ಜನರನ್ನು ಪರಕೀಯರ ಕೂಲಿಗಳೆಂದು ತಳ್ಳಿಹಾಕುವ ಕಾದಂಬರಿಯನ್ನು ಬರೆಯಲು ನನ್ನ ಕೈ ಏಳುವುದಿಲ್ಲ. ಅಣ್ಣ ಬಂದದ್ದರಿಂದ ಹುಡುಗನ ನಿಷ್ಠೆಯೂ ಎರಡಾಯಿತು. 1942ರ ಆಗಸ್ಟ್ 8ರಂದು ಗೊವಾಲಿಯಾ ಟ್ಯಾಂಕ್ ಮೈದಾನದಲ್ಲಿ ಹೊರಟ ‘ಭಾರತ ಬಿಟ್ಟು ತೊಲಗಿ’ ಕರೆಗೆ ಓಗೊಟ್ಟು ಅವನು ಗಲ್ಲಾದ ಕೆಳಗೆ ಬಚ್ಚಿಟ್ಟ ಕರಪತ್ರಗಳನ್ನು ಮನೆಮನೆಗೆ ಮುಟ್ಟಿಸುತ್ತಾನೆ. ಅದೇ ಹೊತ್ತಿನಲ್ಲಿ ಬ್ರಿಟಿಷರ ಸೇನೆ ಗೆಲ್ಲಲಿ, ಸೋತರೆ ಅಣ್ಣ ಉಳಿಯಲಾರ ಎಂದು ಕೊಲ್ಲೂರಿನ ಮೂಕಾಂಬಿಕೆಗೆ ಹರಕೆ ಹೊರುತ್ತಾನೆ. ಗುರುವೂ ಶಿಷ್ಯನೂ ತಮ್ಮ ತಮ್ಮೊಳಗೆ ಹೀಗೆ ಒಡೆದವರಾಗಿರುವುದರಿಂದಲೇ ಒಬ್ಬರನ್ನೊಬ್ಬರು ಪೂರ್ತಿಯಾಗಿ ದೂಷಿಸಲು ಅವರಿಗೆ ಆಗುವುದಿಲ್ಲ.

ಇತಿಹಾಸದ ಕಾದಂಬರಿಕಾರನಿಗೆ ಇರುವ ದೊಡ್ಡ ಅಪಾಯವೆಂದರೆ ಮುಂದೇನಾಯಿತೆಂದು ಅವನಿಗೆ ಗೊತ್ತಿರುವುದು. ನನ್ನ ಕಾದಂಬರಿಯೊಳಗೆ 1947 ಇಲ್ಲ ಎಂದು ನಾನು ಕಟ್ಟುಹಾಕಿಕೊಂಡೆ. ಪ್ರತಿ ಅಧ್ಯಾಯಕ್ಕೂ ಒಂದು ಹಾಳೆ ಇಟ್ಟು, ಆ ದಿನದಂದು ಮಸ್ಜಿದ್ ಬಂದರಿನ ಒಬ್ಬ ಮಾಣಿಗೆ ಏನು ಗೊತ್ತಿರಬಹುದು, ಸೆನ್ಸಾರ್ ಕಚೇರಿಯ ಗುಮಾಸ್ತನಿಗೆ ಏನು ಗೊತ್ತಿರಬಹುದು ಎಂದು ಬೇರೆಬೇರೆಯಾಗಿ ಬರೆದುಕೊಂಡೆ. 1942ರ ಶರತ್ಕಾಲದಲ್ಲಿ ಉಷಾ ಮೆಹ್ತಾ ಅವರ ಗುಪ್ತ ಕಾಂಗ್ರೆಸ್ ರೇಡಿಯೊ 42.34 ಮೀಟರ್ ತರಂಗಾಂತರದಲ್ಲಿ ಕೇಳುತ್ತಿದ್ದಾಗ ಹುಡುಗನಿಗೆ ನಾಳೆಯೇ ಸ್ವರಾಜ್ಯ. ನವೆಂಬರಿನಲ್ಲಿ ಅವರ ಬಂಧನವಾದ ಮೇಲೆ ಎಲ್ಲ ಮುಗಿದಂತೆ. 1943ರ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಸ್ವಾತಂತ್ರ್ಯ ಹೋರಾಟಗಾರ ಮೈಲಾರ ಮಹಾದೇವಪ್ಪನವರು ಗುಂಡಿಗೆ ಬಲಿಯಾದ ಸುದ್ದಿ ಮಾಸ್ತರರಿಗೆ ಊರ ಕಡೆಯ ಸುದ್ದಿ, ಮೈಯನ್ನೇ ತಟ್ಟುವ ಸುದ್ದಿ. ಆದರೂ ಅವರು ಮರುದಿನ ಕಚೇರಿಗೆ ಹೋಗುತ್ತಾರೆ, ಏಕೆಂದರೆ ಹಾವೇರಿಯ ಮನೆಯಲ್ಲಿ ಉಣ್ಣುವವರು ಅವರ ಮನಿಯಾರ್ಡರನ್ನೇ ಕಾಯುತ್ತಿರುತ್ತಾರೆ. ಮುಂಬಯಿಯಲ್ಲಿ ಆ ವರ್ಷ ಪಡಿತರವೂ ಬಂದಿತ್ತು.

ಎರಡು ಋಣಗಳೂ ಎದುರುಬದುರಾಗುವ ಗಳಿಗೆಗೆ ನಾನು ಆರಿಸಿಕೊಂಡದ್ದು 1944ರ ಏಪ್ರಿಲ್ 14. ಸುಮಾರು 1400 ಟನ್ ಸ್ಫೋಟಕಗಳನ್ನೂ ಹತ್ತಿಯ ಮೂಟೆಗಳನ್ನೂ ಒಟ್ಟಿಗೆ ಹೊತ್ತಿದ್ದ ಫೋರ್ಟ್ ಸ್ಟಿಕೀನ್ ಎಂಬ ಹಡಗು ವಿಕ್ಟೋರಿಯಾ ಡಾಕಿನಲ್ಲಿ ಹೊತ್ತಿಕೊಂಡು, ಸಂಜೆ ನಾಲ್ಕರ ನಂತರ ಅರ್ಧ ಗಂಟೆಯ ಅಂತರದಲ್ಲಿ ಎರಡು ಬಾರಿ ಸಿಡಿಯಿತು. ಉರಿಯುವ ಹತ್ತಿ ಮಾಂಡ್ವಿಯ ಮಾಡುಗಳ ಮೇಲೆ ಮಳೆಯಾಗಿ ಬಿತ್ತು. ನೂರಾರು ಜನ ಸತ್ತರು. ಬೆಂಕಿ ಆರಿಸಲು ಹೋದ ಅಗ್ನಿಶಾಮಕ ದಳದ 66 ಮಂದಿ ಮರಳಲಿಲ್ಲ. ಆ ಹೊತ್ತಿಗೆ ಜಪಾನಿ ಸೇನೆ ಈಶಾನ್ಯ ಗಡಿಯ ಕೊಹಿಮಾದ ಬಾಗಿಲಿನಲ್ಲಿ ಇದ್ದುದರಿಂದ, ಬಾಂಬು ಬಿತ್ತೆಂದೇ ಅನೇಕರು ತಿಳಿದರು. ವಿವರಗಳನ್ನು ಹೊರದೇಶಗಳಿಗೆ ಕಳಿಸಲು ಸರ್ಕಾರ ಸುದ್ದಿಗಾರರಿಗೆ ಅನುಮತಿ ಕೊಟ್ಟದ್ದು ಮೇ ತಿಂಗಳಲ್ಲಿ. ಮಸ್ಜಿದ್ ಸ್ಟೇಷನ್ನಿನಿಂದ ಆಗ ಫ್ರಿಯರ್ ರೋಡ್ ಎನ್ನುತ್ತಿದ್ದ ಈಗಿನ ಪಿ. ಡಿಮೆಲ್ಲೊ ರಸ್ತೆಯವರೆಗೆ, ಭಾರ ಹೊತ್ತ ಕೈಗಾಡಿಗಳ ನಡುವೆ ನಾನು ಮತ್ತೆ ಮತ್ತೆ ನಡೆದಿದ್ದೇನೆ. ಅಷ್ಟು ಕಡಿಮೆ ದೂರದಲ್ಲಿ ಆ ಹುಡುಗ ಕಪ್ಪುಬಸಿ ತೊಳೆಯುತ್ತಿದ್ದ ಎಂಬುದು ಕಾಲಿಗೆ ತಿಳಿದ ಮೇಲೆಯೇ ಆ ಅಧ್ಯಾಯವನ್ನು ಬರೆಯಲು ಕುಳಿತೆ.

ಮಾಸ್ತರರು ಮೊದಲೇ ತರಗತಿಯಲ್ಲಿ ಪತ್ರಲೇಖನದ ಪಾಠ ಮಾಡುವಾಗ, ಕಾರಣ ಹೇಳದೆ, ಹಡಗಿನ ಹೆಸರು ಬರೆಯಬೇಡಿ, ಮಳೆಬೆಳೆ ಬರೆಯಿರಿ, ಹಬ್ಬಹರಿದಿನ ಬರೆಯಿರಿ, ಮನೆಯವರ ಆರೋಗ್ಯ ಬರೆಯಿರಿ ಎಂದು ಹೇಳಿಕೊಟ್ಟಿರುತ್ತಾರೆ. ದ್ರೋಣನು ತನ್ನನ್ನು ಗೆಲ್ಲುವ ಬಗೆಯನ್ನು ಹೇಳಿಕೊಟ್ಟದ್ದು ಹೀಗೆಯೇ. ಸ್ಫೋಟವಾದ ಮೇಲೆ ಹುಡುಗನು ಅಣ್ಣನಿಗೆ ಬರೆಯುವ ಕಾಗದದಲ್ಲಿ ಡಾಕ್ ಎಂಬ ಶಬ್ದವಿಲ್ಲ, ಬೆಂಕಿ ಎಂಬ ಶಬ್ದವೂ ಇಲ್ಲ. ‘ಈ ಸಲ ವಿಷುವಿಗೇ ಇಲ್ಲಿ ದೀಪಾವಳಿ ಬಂತು. ನಮ್ಮ ಹೋಟೆಲಿನ ಮಾಡಿನಲ್ಲಿ ಒಂದು ಹೆಂಚು ಉಳಿಯಲಿಲ್ಲ. ಜೊತೆಗೆ ಮಲಗುತ್ತಿದ್ದ ನಾಲ್ವರು ಮಾಣಿಗಳು ಊರಿಗೆ ಹೋದರು, ಇನ್ನು ಬರುವುದಿಲ್ಲ. ನಾನು ಸೌಖ್ಯ.’ ಬೇರೆ ಯಾವ ಪರೀಕ್ಷಕನ ಕೈಗೆ ಹೋಗಿದ್ದರೂ ಆ ಕಾಗದ ಹಬ್ಬದ ಸುದ್ದಿಯಾಗಿ ದಾಟಿಹೋಗುತ್ತಿತ್ತು. ಅದರ ಒಳಗುಟ್ಟು ತಿಳಿಯುವುದು ಅದನ್ನು ಕಲಿಸಿದವರೊಬ್ಬರಿಗೇ, ಕಾಗದ ಬಂದು ಬಿದ್ದದ್ದು ಅವರದೇ ಮೇಜಿಗೆ.

ಇಲ್ಲಿ ಮಾಸ್ತರರು ಏನು ಮಾಡಬೇಕೆಂಬುದರ ಬಗ್ಗೆ ನಾನು ಬಹುಕಾಲ ತಡೆದು ಯೋಚಿಸಿದೆ. ಪೂರ್ತಿ ಬಿಟ್ಟರೆ ಅವರು ಅನ್ನದ ಋಣವನ್ನು ಸುಲಭವಾಗಿ ಕಳಚಿಕೊಂಡಂತೆ. ಪೂರ್ತಿ ತಡೆದರೆ ಇಟಲಿಯಲ್ಲಿರುವ ಅಣ್ಣನಿಗೆ ತಮ್ಮ ಬದುಕಿದ್ದಾನೆಂಬುದೇ ತಿಳಿಯದು. ಅವರು ಕತ್ತರಿ ಎತ್ತಿಕೊಂಡು ನಾಲ್ವರು ಮಾಣಿಗಳ ಸಾಲನ್ನು ಕತ್ತರಿಸಿ ತೆಗೆಯುತ್ತಾರೆ, ಉಳಿದದ್ದನ್ನು ಬಿಡುತ್ತಾರೆ. ಸತ್ತವರ ಲೆಕ್ಕ ಹೊರಗೆ ಹೋಗಬಾರದೆಂಬುದು ಆಜ್ಞೆ, ‘ನಾನು ಸೌಖ್ಯ’ ಎಂಬುದು ಮುಟ್ಟಲೇಬೇಕೆಂಬುದು ಅವರ ಮನಸ್ಸು. ಆಜ್ಞೆಯನ್ನು ಅರ್ಧವೇ ನಡೆಸಿಕೊಟ್ಟರು, ಶಿಷ್ಯನಿಗೂ ಅರ್ಧವೇ ನ್ಯಾಯ ಸಿಕ್ಕಿತು. ಕತ್ತರಿಸಿದ ಆ ಕಾಗದದ ತುಂಡನ್ನು ನಿಯಮದಂತೆ ಕಚೇರಿಗೆ ಒಪ್ಪಿಸುವಾಗ ಅದರಲ್ಲಿದ್ದ ‘ಊರಿಗೆ’ ಎಂಬ ಪದದಲ್ಲಿ ತಾವೇ ಕೈಹಿಡಿದು ತಿದ್ದಿಸಿದ ಗುಡಿಸು ಅವರಿಗೆ ಕಾಣುತ್ತದೆ.

ತಿಂಗಳುಗಳ ನಂತರ ಅಣ್ಣನ ಉತ್ತರ ಬರುತ್ತದೆ. ನಿನ್ನ ಕಾಗದದ ನಡುವೆ ಕಿಟಕಿಯಷ್ಟು ತೂತು ಇತ್ತು ಎಂದು ಅವನು ಬರೆದಿರುತ್ತಾನೆ. ಹುಡುಗ ಅದನ್ನು ತರಗತಿಗೇ ತಂದು ತೋರಿಸುತ್ತಾನೆ. ‘ಮಾಷ್ಟ್ರೇ, ನೀವು ಹೇಳಿದ ಹಾಗೆಯೇ ಬರೆದಿದ್ದೆ. ಆದರೂ ಅವರಿಗೆ ಹೇಗೆ ಗೊತ್ತಾಯಿತು?’ ಮಾಸ್ತರರು ಉಕ್ತಲೇಖನದ ಮುಂದಿನ ಸಾಲನ್ನು ಹೇಳುತ್ತಾರೆ. ಓದಿದ ಗೆಳೆಯರಲ್ಲಿ ಕೆಲವರು ಇಲ್ಲಿ ಅವರು ಒಪ್ಪಿಕೊಳ್ಳಬೇಕಿತ್ತು, ಶಿಷ್ಯನ ಕ್ಷಮೆ ಕೇಳಬೇಕಿತ್ತು ಎಂದು ವಾದಿಸಿದರು. ನಾನು ಒಪ್ಪಲಿಲ್ಲ. ತಪ್ಪೊಪ್ಪಿಗೆಯಿಂದ ಹಗುರಾಗುವವರು ಮಾಸ್ತರರು ಮಾತ್ರ. ಹುಡುಗನಿಗೆ ಅದರಿಂದ ಇದ್ದ ಒಬ್ಬ ಗುರುವೂ ಇಲ್ಲವಾಗುತ್ತಾನೆ. ಗುರುವಿನ ಸ್ಥಾನದಲ್ಲಿ ಇರುವವನು ತನ್ನ ಭಾರವನ್ನು ಶಿಷ್ಯನ ತಲೆಯ ಮೇಲೆ ಇಳಿಸಬಾರದು ಎಂಬುದು ತರಗತಿಯಲ್ಲಿ ಇಷ್ಟು ವರ್ಷ ನಿಂತು ನಾನು ಕಂಡುಕೊಂಡದ್ದು.

ಮಾತಿನ ಬಗ್ಗೆ ಒಂದೆರಡು ಸಾಲು. ಮಾಸ್ತರರಿಗೆ ಧಾರವಾಡದ ಕಡೆಯ ಮಾತನ್ನೂ ಹುಡುಗನಿಗೆ ಕುಂದಾಪುರದ ಮಾತನ್ನೂ ಸಂಭಾಷಣೆಯಲ್ಲಿ ಇಟ್ಟಿದ್ದೇನೆ, ಆದರೆ ಹುಡುಗನ ಪತ್ರಗಳೆಲ್ಲ ಶಾಲೆಯ ಗ್ರಾಂಥಿಕ ಕನ್ನಡದಲ್ಲೇ ಇವೆ. ಆ ಕನ್ನಡ ಅವನಿಗೆ ಮಾಸ್ತರರಿಂದ ಬಂದದ್ದು, ಓದುಗರಿಗೆ ಅದು ಪ್ರತಿ ಪತ್ರದಲ್ಲೂ ಕೇಳಿಸಬೇಕು. ಈಗ ಎರಡನೆಯ ಭಾಗವನ್ನು ಬರೆಯುತ್ತಿದ್ದೇನೆ. ಅದು 1946ರ ಫೆಬ್ರವರಿ 18ರಂದು ಕೊಲಾಬಾದ ತಲ್ವಾರ್ ನೌಕಾಶಾಲೆಯಲ್ಲಿ ಆರಂಭವಾದ ನಾವಿಕರ ಬಂಡಾಯದ ದಿನಗಳಿಗೆ ಬರುತ್ತದೆ. ಇಟಲಿಯಿಂದ ಮರಳಿದ ಅಣ್ಣನು ಸಮವಸ್ತ್ರದಲ್ಲೇ ಇದ್ದಾನೆ, ತಮ್ಮನು ಬೀದಿಯಲ್ಲಿದ್ದಾನೆ, ಮಾಸ್ತರರು ರಾತ್ರಿ ಶಾಲೆಯ ಬಾಗಿಲು ತೆರೆಯಬೇಕೇ ಬೇಡವೇ ಎಂದು ನಿರ್ಧರಿಸಬೇಕಾಗಿದೆ.