ಟ್ರೇನ್ ಎತ್ತಿ ಕಟ್ಟಬೇಕೆ, ಹಾಗೆಯೇ ಬಿಡಬೇಕೆ?

ಮದುವೆಯ ಗೌನು ತಿದ್ದಿಸಲು ಬಂದವರನ್ನು ಟ್ರೇನ್, ಅಂದರೆ ಗೌನಿನ ಹಿಂದೆ ನೆಲದ ಮೇಲೆ ಹರಡಿಕೊಳ್ಳುವ ಬಟ್ಟೆ, ಎಷ್ಟು ಉದ್ದವಿದೆ ಎಂದು ನಾನು ಮೊದಲು ಕೇಳುವುದಿಲ್ಲ. ವಿಧಿ ಮುಗಿದ ಮೇಲೆ ಈ ಗೌನಿನಲ್ಲಿ ಎಷ್ಟು ಹೊತ್ತು ಇರುತ್ತೀರಿ, ಆ ಹೊತ್ತಿನಲ್ಲಿ ಏನೇನು ಮಾಡುತ್ತೀರಿ ಎಂದು ಕೇಳುತ್ತೇನೆ. ಬಸಲ್ ಬೇಕೋ ಬೇಡವೋ ಎನ್ನುವುದಕ್ಕೆ ಉತ್ತರ ಅಲ್ಲಿಂದಲೇ ಸಿಗುತ್ತದೆ. ಈ ಟ್ರೇನನ್ನು ಎತ್ತಿ, ಗುಂಡಿ ಕುಣಿಕೆಗಳಿಂದಲೋ ಲಾಡಿಗಳಿಂದಲೋ ನಿಲ್ಲಿಸುವುದೇ ಬಸಲ್. ಕೆಲಸ ಸಣ್ಣದಾಗಿ ಕಂಡರೂ ಆ ಸಂಜೆ ವಧು ಸರಾಗವಾಗಿ ಓಡಾಡುತ್ತಾಳೋ, ಗಳಿಗೆಗೊಮ್ಮೆ ಹಿಂದಿರುಗಿ ನೋಡುತ್ತ ಬಟ್ಟೆ ಕಾಯುತ್ತಾಳೋ ಎಂಬುದನ್ನು ತೀರ್ಮಾನಿಸುವುದು ಅದೇ.

ಎಲ್ಲ ಟ್ರೇನಿಗೂ ಬಸಲ್ ಹಾಕಬೇಕೆಂದು ನಾನು ಒಪ್ಪುವುದಿಲ್ಲ. ನೆಲವನ್ನು ಕೊಂಚ ಸವರಿಕೊಂಡು ಹೋಗುವ ಸ್ವೀಪ್ ಟ್ರೇನ್ ಆಗಿದ್ದರೆ ಅಂಚನ್ನೇ ನೆಲಮಟ್ಟಕ್ಕೆ ಏರಿಸಿ ಹೊಲಿಯುವುದು ಎಷ್ಟೋ ಮೇಲು. ಮೈಗೆ ಅಂಟಿಕೊಂಡು ಇಳಿಯುವ ಕ್ರೇಪ್ ಗೌನಿಗೆ ಬಸಲ್ ಹಾಕುವಾಗ ಎರಡು ಸಲ ಯೋಚಿಸುತ್ತೇನೆ. ಗುಂಡಿ ಎಳೆದ ಜಾಗದಲ್ಲಿ ಬಟ್ಟೆ ಸುಕ್ಕುಗಟ್ಟುವುದು ದೂರದಿಂದಲೇ ಕಾಣುತ್ತದೆ. ಇನ್ನು ತೀರಾ ಉದ್ದದ ಟ್ರೇನ್‌ಗಳ ಮಾತೇ ಬೇರೆ. 1981ರಲ್ಲಿ ಬ್ರಿಟನ್ನಿನ ಯುವರಾಜ ಚಾರ್ಲ್ಸ್ ಜೊತೆಗಿನ ಮದುವೆಯಲ್ಲಿ ಡಯಾನಾ ಧರಿಸಿದ ಗೌನಿನ ಟ್ರೇನ್ 25 ಅಡಿ ಇತ್ತು. ಅದು ನಡೆದು ಬರುವ ದಾರಿಯ ತುಂಬ ಹರಡಲೆಂದೇ ಮಾಡಿದ್ದು. ಅಷ್ಟಲ್ಲದಿದ್ದರೂ, ಅಡಿಗಟ್ಟಲೆ ಹಿಂದೆ ಬರುವ ಬಟ್ಟೆಯನ್ನು ಸೊಂಟದ ಕೆಳಗೆ ತುರುಕಿದರೆ ವಧುವಿನ ಬೆನ್ನ ಹಿಂದೆ ಗಂಟು ಹೊರಿಸಿದಂತಾಗುತ್ತದೆ. ಅಂಥವರಿಗೆ ಬಿಚ್ಚಿಡಬಹುದಾದ ಟ್ರೇನ್ ಮಾಡಿಸಿಕೊಳ್ಳಿ ಎನ್ನುತ್ತೇನೆ. ವಿಧಿ ಮುಗಿದ ಕೂಡಲೇ ಉಡುಪು ಬದಲಿಸುವವರಿಗೂ ಬಸಲ್ ದಂಡ. ಫೋಟೊ ತೆಗೆಯುವಷ್ಟು ಹೊತ್ತಿಗೆ ಮಣಿಕಟ್ಟಿಗೆ ಹಾಕಿಕೊಳ್ಳುವ ಒಂದು ಕುಣಿಕೆ ಸಾಕು.

ಈಚೆಗೆ ಕೈಗೆ ಬಂದ ಒಂದು ಗೌನು ಈ ಲೆಕ್ಕಾಚಾರವನ್ನೆಲ್ಲ ಒಟ್ಟಿಗೆ ಕೇಳಿತು. ದಪ್ಪನೆಯ ಮಿಕಾಡೊ ರೇಷ್ಮೆ, ಕಸೂತಿ ಇಲ್ಲ, ಮಣಿ ಇಲ್ಲ. ಬೆನ್ನಿನುದ್ದಕ್ಕೂ ಬಟ್ಟೆ ಸುತ್ತಿದ ಪುಟ್ಟ ಗುಂಡಿಗಳ ಸಾಲು, ಅದರ ಕೆಳಗೆ ಬೀಸಣಿಗೆಯಂತೆ ಬಿಚ್ಚಿಕೊಳ್ಳುವ, ಚಾಪೆಲ್ ಎಂಬ ಮಧ್ಯಮ ಉದ್ದದ ಟ್ರೇನ್. ವಧು ರಾತ್ರಿಯವರೆಗೂ ಅದರಲ್ಲೇ ಇರುವವಳು, ಕುಣಿಯುವವಳು. ಬಸಲ್ ಬೇಕೆಂಬುದರಲ್ಲಿ ಅನುಮಾನವಿರಲಿಲ್ಲ. ಯಾವುದು ಎಂಬುದೇ ಪ್ರಶ್ನೆ. "ಅಕ್ಕಾ, ಹೊರಗಡೆ ಗುಂಡಿಗೆ ಸಿಕ್ಕಿಸುತ್ತಾರಲ್ಲ, ಅದೇ ಸುಲಭ ಅಂತೆ. ಅದನ್ನೇ ಮಾಡಿಬಿಡಿ" ಎಂದಳು.

ಸುಲಭವೇನೋ ಹೌದು. ಟ್ರೇನಿನ ಮಧ್ಯಭಾಗವನ್ನು ಹೊರಗಿನಿಂದ ಎತ್ತಿ ಸೊಂಟದ ಬಳಿಯ ಗುಂಡಿಗೆ ಸಿಕ್ಕಿಸುವ ಈ ಬಗೆಯನ್ನು ಅಮೆರಿಕನ್ ಬಸಲ್ ಎನ್ನುತ್ತಾರೆ. ಲೇಸಿನ ಗೌನಿಗೆ, ಬಲೆಯಂಥ ತೆಳುವಾದ ಟ್ಯೂಲ್ ಬಟ್ಟೆಗೆ ನಾನೂ ಅದನ್ನೇ ಆರಿಸುತ್ತೇನೆ, ಏಕೆಂದರೆ ಗುಂಡಿ ಕಸೂತಿಯ ನಡುವೆ ಅಡಗಿಕೊಳ್ಳುತ್ತದೆ. ಈ ಗೌನಿನಲ್ಲಿ ಗುಂಡಿ ಅಡಗಿಸುವುದೇನೂ ಕಷ್ಟವಿರಲಿಲ್ಲ, ಸಾಲಿನಲ್ಲಿ ಇನ್ನೊಂದು ಗುಂಡಿ ಸೇರಿದರೆ ಯಾರಿಗೂ ತಿಳಿಯುವುದಿಲ್ಲ. ಆದರೆ ಮಿಕಾಡೊ ಬಿಗಿಯಾದ ಬಟ್ಟೆ. ಮೇಲೆ ಮಡಿಚಿದರೆ ಕೆಳಗೆ ಸುರಿಯುವುದಿಲ್ಲ, ಗೂಡಾರದಂತೆ ಸೆಟೆದು ನಿಲ್ಲುತ್ತದೆ. ಬಾಯಿಮಾತಿನಲ್ಲಿ ಹೇಳಿ ಒಪ್ಪಿಸುವ ಬದಲು ಪಿನ್ನು ಹಾಕಿಯೇ ತೋರಿಸಿದೆ. ಮದುವೆಯ ದಿನ ಹಾಕುವ ಚಪ್ಪಲಿಯನ್ನೇ ಹಾಕಿಸಿ ನಿಲ್ಲಿಸಿದ್ದೆ. ಮುಂದಿನ ಅಂಚು ಹೊಲಿದು ಮುಗಿಯದೆ, ಚಪ್ಪಲಿಯ ಎತ್ತರ ಗೊತ್ತಾಗದೆ ಬಸಲ್ ಅಳತೆಗೆ ಕೈ ಹಾಕಬಾರದು. ಕನ್ನಡಿಯ ಮುಂದೆ ನಿಂತಾಗ ಅವಳಿಗೆ ಅದು ಚೆನ್ನಾಗಿಯೇ ಕಂಡಿತು. ಒಮ್ಮೆ ಕುಳಿತು ಏಳಿ, ಎರಡು ಸುತ್ತು ತಿರುಗಿ ಎಂದೆ. ಎದ್ದಾಗ ಮಡಿಕೆ ಒಂದು ಪಕ್ಕಕ್ಕೆ ವಾಲಿತ್ತು, ಮುರಿದ ಗೆರೆಯೊಂದು ಅಡ್ಡಡ್ಡಲಾಗಿ ಎದ್ದು ಕಾಣುತ್ತಿತ್ತು. ಅವಳೇ "ಇದು ಬೇಡ" ಎಂದಳು. ಬಸಲ್ ಆರಿಸುವಾಗ ಕನ್ನಡಿಯನ್ನು ನಾನು ನಂಬುವುದಿಲ್ಲ, ಕುರ್ಚಿಯನ್ನು ನಂಬುತ್ತೇನೆ.

ಉಳಿದದ್ದು ಫ್ರೆಂಚ್ ಬಸಲ್. ಇಲ್ಲಿ ಟ್ರೇನ್ ಒಳಗಡೆಗೆ ಮಡಿಚಿಕೊಳ್ಳುತ್ತದೆ, ಸ್ಕರ್ಟಿನ ಅಡಿಯಲ್ಲಿ ಲಾಡಿಗಳನ್ನು ಜೋಡಿ ಜೋಡಿಯಾಗಿ ಕಟ್ಟುತ್ತೇವೆ. 1870ರ ದಶಕದ ಉಡುಪುಗಳಲ್ಲಿ ಹಿಂಭಾಗ ಉಬ್ಬಿ ಇಳಿಯುತ್ತಿತ್ತಲ್ಲ, ಅದರ ಸೌಮ್ಯ ರೂಪ ಎನ್ನಬಹುದು. ಬಿಗಿಯಾದ ಬಟ್ಟೆ ಇಲ್ಲಿ ಗುಣವಾಗುತ್ತದೆ, ಉಬ್ಬು ತಾನಾಗಿಯೇ ನಿಲ್ಲುತ್ತದೆ.

ಲಾಡಿ ಎಲ್ಲಿ ಬರಬೇಕು ಎನ್ನುವುದು ನನಗೆ ಅತ್ಯಂತ ಪ್ರಿಯವಾದ ಕೆಲಸ. ವಧುವಿನ ಹಿಂದೆ ನೆಲದ ಮೇಲೆ ಕೂತು, ಮೊದಲು ನಡುಬೆನ್ನಿನ ಹೊಲಿಗೆಯನ್ನು ಬೆರಳಲ್ಲಿ ಹಿಡಿದು ಒಳಗೆ ಮೇಲಕ್ಕೆ ಒಯ್ಯುತ್ತೇನೆ. ಟ್ರೇನಿನ ಅಂಚು ನೆಲದಿಂದ ಎರಡು ಮೂರು ಸೆಂಟಿಮೀಟರ್ ಮೇಲೆ ನಿಂತಾಗ ಅಲ್ಲೊಂದು ಪಿನ್ನು. ಆಮೇಲೆ ಅಕ್ಕಪಕ್ಕದ ಹೊಲಿಗೆಗಳು. ಮಧ್ಯ ಸರಿಯಾದರೆ ಪಕ್ಕಗಳು ಕಿವಿಯಂತೆ ಜೋತು ಬೀಳುತ್ತವೆ, ಅವನ್ನು ಎತ್ತಿದರೆ ಮಧ್ಯ ಮತ್ತೆ ಇಳಿಯುತ್ತದೆ. ಕಣ್ಣನ್ನು ಅಂಚಿನ ಮಟ್ಟಕ್ಕೆ ತಂದು ನೋಡುತ್ತ, ಪಿನ್ನನ್ನು ಅಷ್ಟಿಷ್ಟು ಸರಿಸುತ್ತ ಹೋಗಬೇಕು. ಅವಸರಪಟ್ಟರೆ ಕೆಟ್ಟಿತು. ಒಳಗಿನ ಲೈನಿಂಗನ್ನೂ ಜೊತೆಗೇ ಎತ್ತಿದ್ದೇನೆಯೇ ಎಂದು ಕೈಯಾಡಿಸಿ ನೋಡಿಕೊಳ್ಳುತ್ತೇನೆ. ಹೊರಗಿನ ಬಟ್ಟೆ ಮೇಲೇರಿ ಲೈನಿಂಗ್ ಮಾತ್ರ ನೆಲದಲ್ಲಿ ಉಳಿದರೆ ಹಿಮ್ಮಡಿ ಸಿಕ್ಕಿಕೊಳ್ಳುವುದು ಅಲ್ಲೇ.

ಲಾಡಿಯನ್ನು ಹೊಲಿಗೆ ಸಾಲಿನ ಮೇಲೆಯೇ ಕೂರಿಸುತ್ತೇನೆ, ಬಿಡಿ ಬಟ್ಟೆಯ ಮೇಲೆ ಎಂದಿಗೂ ಇಲ್ಲ. ಎತ್ತಿದ ಬಟ್ಟೆಯ ಭಾರವೆಲ್ಲ ಆ ಬಿಂದುಗಳಿಂದಲೇ ತೂಗುವುದು. ಅನಿವಾರ್ಯವಾದಾಗ ಹಿಂಬದಿಗೆ ಒಂದು ತುಂಡು ಗಟ್ಟಿ ಬಟ್ಟೆ ಇಟ್ಟು ಹೊಲಿಯಬೇಕು. ಮೇಲ್ತುದಿಯ ಲಾಡಿ ಜಿಪ್ಪು ಮುಗಿಯುವ ಜಾಗಕ್ಕಿಂತ ಕೆಳಗೆ ಬರಲೇಬೇಕು, ಇಲ್ಲವಾದರೆ ಭಾರ ಜಿಪ್ಪನ್ನು ಎಳೆಯುತ್ತದೆ. ಹೊಲಿಯುವ ದಾರದ ವಿಷಯದಲ್ಲಿ ನನ್ನದೊಂದು ಹಟವಿದೆ: ಕುಣಿಕೆಗಾಗಲಿ ಲಾಡಿಗಾಗಲಿ ಬಟ್ಟೆಗಿಂತ ಗಟ್ಟಿಯಾದ ದಾರ ಹಾಕುವುದಿಲ್ಲ. ಕುಣಿಯುವಾಗ ಯಾರೋ ಹಿಂದಿನಿಂದ ಅಂಚು ತುಳಿದೇ ತುಳಿಯುತ್ತಾರೆ. ಆಗ ಕಿತ್ತು ಬರಬೇಕಾದದ್ದು ದಾರ, ರೇಷ್ಮೆಯಲ್ಲ. ದಾರ ಹರಿದರೆ ಒಂದು ಸೇಫ್ಟಿ ಪಿನ್ನಿನಲ್ಲಿ ಸಂಜೆ ಸಾಗುತ್ತದೆ. ಹೊರಗಡೆ ಗುಂಡಿ ಹಾಕುವಾಗಲಂತೂ ಕಣ್ಣಿಗೆ ಕಾಣದೆಂದು ಮೀನು ಹಿಡಿಯುವ ನೈಲಾನ್ ದಾರದಲ್ಲಿ ಕುಣಿಕೆ ಮಾಡುವವರಿದ್ದಾರೆ. ಅದು ಹರಿಯುವುದಿಲ್ಲ, ಬಟ್ಟೆಯನ್ನು ಹರಿಯುತ್ತದೆ.

ಎಷ್ಟು ಜೋಡಿ ಲಾಡಿ ಎಂಬುದನ್ನು ಗೌನು ಒಂದೇ ತೀರ್ಮಾನಿಸುವುದಿಲ್ಲ, ಕಟ್ಟುವವರೂ ತೀರ್ಮಾನಿಸುತ್ತಾರೆ. ಸ್ಕರ್ಟಿನ ಅಡಿಗೆ ತೂರಿ, ಅರೆಗತ್ತಲಲ್ಲಿ, ಹೊರಗೆ ಎಲ್ಲರೂ ಕಾಯುತ್ತಿರುವಾಗ ಕಟ್ಟಬೇಕಾದ ಕೆಲಸವಿದು. ಇನ್ನೂ ಎರಡು ಜೋಡಿ ಸೇರಿಸಿದ್ದರೆ ಅಂಚು ಇನ್ನಷ್ಟು ನೇರವಾಗುತ್ತಿತ್ತು, ನಿಜ. ಆದರೆ ಕಟ್ಟಲಿರುವವಳು ಈ ವಧುವಿನ ತಂಗಿ, ಬಸಲ್ ಎಂದರೇನೆಂದೇ ನೋಡಿರದವಳು. ಐದು ಜೋಡಿಗೆ ನಿಲ್ಲಿಸಿದೆ. ಜೋಡಿಗೊಂದು ಬಣ್ಣದ ಲಾಡಿ ಹಾಕಿದೆ, ಮೇಲಿನ ನೀಲಿಗೆ ಕೆಳಗಿನ ನೀಲಿ, ಹಸಿರಿಗೆ ಹಸಿರು. ಗೌನು ಒಯ್ಯುವ ದಿನ ತಂಗಿಯನ್ನೂ ಕರೆಸಿ, ನಾನು ಕೈ ಹಾಕದೆ ಅವಳಿಂದಲೇ ಕಟ್ಟಿಸಿದೆ. ಮಧ್ಯದ್ದನ್ನು ಮೊದಲು ಕಟ್ಟು, ಪಕ್ಕದವು ಆಮೇಲೆ ಎಂದಷ್ಟೇ ಹೇಳಿದ್ದು. ಕಟ್ಟುವುದನ್ನು ಮೊಬೈಲಿನಲ್ಲಿ ವಿಡಿಯೊ ಮಾಡಿಕೊಳ್ಳಲು ಹೇಳಿದೆ. ಕೊನೆಯಲ್ಲಿ ಮತ್ತೆ ಕುರ್ಚಿ: ವಧು ಕೂತಳು, ಎದ್ದಳು, ತಿರುಗಿದಳು, ಹಿಂದಕ್ಕೆ ನಾಲ್ಕು ಹೆಜ್ಜೆ ನಡೆದಳು. ಹಿಂದಕ್ಕೆ ನಡೆಸುವುದನ್ನು ನಾನು ಬಿಡುವುದೇ ಇಲ್ಲ, ಫ್ರೆಂಚ್ ಬಸಲ್‌ನಲ್ಲಿ ತನ್ನ ಉಬ್ಬನ್ನು ತಾನೇ ತುಳಿಯುವ ಸಂಭವ ಅಲ್ಲಿ ಹೆಚ್ಚು.

ಮದುವೆ ಮುಗಿದ ರಾತ್ರಿಯೇ ಲಾಡಿ ಬಿಚ್ಚಿ ಟ್ರೇನ್ ಇಳಿಸಿಡಬೇಕೆಂದು ಚೀಟಿ ಬರೆದು ಹ್ಯಾಂಗರ್‌ಗೆ ಕಟ್ಟಿ ಕಳಿಸಿದೆ. ಮಿಕಾಡೊದಲ್ಲಿ ಮಡಿಕೆ ಕೂತುಬಿಟ್ಟರೆ ಡ್ರೈಕ್ಲೀನಿಂಗ್‌ನವರಿಗೂ ಅದನ್ನು ಬಿಡಿಸುವುದು ಕಷ್ಟ.