ಮೊದಲು ಅರ, ಆಮೇಲೆ ಸುತ್ತಿಗೆ: ಚಾಕು ಮಾಡೋದನ್ನ ನಾನು ಕಲಿತ ಬಗೆ

ಚಾಕು ಮಾಡೋದು ಅಂದ ತಕ್ಷಣ ಎಲ್ಲರಿಗೂ ನೆನಪಾಗೋದು ಕುಲುಮೆ, ಕಾದ ಕಬ್ಬಿಣ, ಹಾರೋ ಕಿಡಿ. ನನಗೂ ಅದೇ ಆಸೆ ಇತ್ತು. ಆದರೆ ನಾನು ಶುರು ಮಾಡಿದ್ದು ಒಂದು ಉಕ್ಕಿನ ಪಟ್ಟಿ, ಒಂದು ವೈಸ್, ಒಂದೆರಡು ಅರ ಇಟ್ಟುಕೊಂಡು. ಸುತ್ತಿಗೆ ಹಿಡಿದಿದ್ದು ಎಷ್ಟೋ ಆಮೇಲೆ. ಈಗ ಯಾರಾದರೂ ಕಲೀಬೇಕು ಅಂತ ಬಂದರೆ ಅವರಿಗೂ ಮೊದಲು ಅರವನ್ನೇ ಕೈಗೆ ಕೊಡುತ್ತೇನೆ. ಗ್ರೈಂಡರ್ ಇದ್ದರೂ ಸರಿ, ಅದನ್ನ ಸ್ವಲ್ಪ ದಿನ ಪಕ್ಕಕ್ಕಿಡಿ. ಗ್ರೈಂಡರ್‌ನಲ್ಲಿ ಕೈ ಒಂದು ಚೂರು ವಾಲಿದರೂ ಗುಂಡಿ ಬಿದ್ದಾಗಿರುತ್ತದೆ. ಅರದಲ್ಲಿ ಹಾಗೆ ಆಗುವ ಮುಂಚೆಯೇ ಕೈಗೆ ಗೊತ್ತಾಗುತ್ತದೆ.

ಉಕ್ಕಿನ ವಿಷಯ ಮೊದಲು. ಗುಜರಿಯಲ್ಲಿ ಸಿಕ್ಕಿದ ಯಾವುದೋ ಕಬ್ಬಿಣದಿಂದ ಶುರು ಮಾಡಬೇಡಿ. ಗೇಟು, ಕಿಟಕಿ ಸರಳಿಗೆ ಬಳಸೋ ಮೈಲ್ಡ್ ಸ್ಟೀಲ್‌ನಲ್ಲಿ ಕಾರ್ಬನ್ ತುಂಬಾ ಕಡಿಮೆ. ಅದನ್ನ ಎಷ್ಟು ಕಾಯಿಸಿ ಎಣ್ಣೆಯಲ್ಲಿ ಅದ್ದಿದರೂ ಚಾಕುವಿಗೆ ಬೇಕಾದಷ್ಟು ಗಟ್ಟಿಯಾಗುವುದಿಲ್ಲ. ನಾನು ಹಿಡಿದಿದ್ದು 1084 ಅನ್ನೋ ನಂಬರ್‌ನ ಉಕ್ಕು. ಈ ನಂಬರ್‌ನ ಕೊನೆಯ ಎರಡು ಅಂಕಿ ಕಾರ್ಬನ್ ಪ್ರಮಾಣ, ಅಂದರೆ ಸುಮಾರು 0.84%. ಗಾಡಿಗಳ ಲೀಫ್ ಸ್ಪ್ರಿಂಗ್‌ಗೆ ಬಳಸೋ 5160ರಲ್ಲಿ ಸುಮಾರು 0.60% ಇರುತ್ತದೆ, ಜೊತೆಗೆ ಸ್ವಲ್ಪ ಕ್ರೋಮಿಯಂ. ಅದೂ ಒಳ್ಳೆಯದೇ. ಆದರೆ ಹಳೇ ಸ್ಪ್ರಿಂಗ್‌ನಲ್ಲಿ ಕಣ್ಣಿಗೆ ಕಾಣದ ಬಿರುಕು ಇರಬಹುದು, ಅದು 5160ನೇ ಅಂತ ಗ್ಯಾರಂಟಿಯೂ ಇಲ್ಲ. ಹೊಸಬರಿಗೆ 1084 ಯಾಕೆ ಅಂದರೆ, ಬಿಸಿ ಅಳೆಯೋ ದೊಡ್ಡ ಸಲಕರಣೆ ಇಲ್ಲದೆ ಕಣ್ಣಂದಾಜಿನಲ್ಲಿ ಹದ ಮಾಡೋಕೆ ಇಷ್ಟು ಸಲೀಸಾದ ಉಕ್ಕು ಕಡಿಮೆ.

ಪಟ್ಟಿ 3 ಮಿಲಿಮೀಟರ್ ದಪ್ಪ ಸಾಕು. ಮೊದಲ ಚಾಕುವಿನ ಅಲಗು ಅಂಗೈಯಷ್ಟು ಉದ್ದ ಇದ್ದರೆ ಸಾಕು. ಉದ್ದ ಜಾಸ್ತಿಯಾದಷ್ಟೂ ಅದ್ದುವಾಗ ಸೊಟ್ಟಗಾಗೋದೂ ಜಾಸ್ತಿ.

ಈಗ ಅರದ ಕೆಲಸ. ಅರ ಕತ್ತರಿಸೋದು ಮುಂದಕ್ಕೆ ತಳ್ಳುವಾಗ ಮಾತ್ರ. ಹಿಂದಕ್ಕೆ ಎಳೆಯುವಾಗ ಎತ್ತಬೇಕು, ಉಜ್ಜಿಕೊಂಡೇ ಎಳೆದರೆ ಹಲ್ಲು ಬೇಗ ಸವೆಯುತ್ತದೆ. ಹಲ್ಲಿನ ಸಂದಿಗೆ ಮೊದಲೇ ಸೀಮೆಸುಣ್ಣ ಉಜ್ಜಿದರೆ ಉಕ್ಕಿನ ಪುಡಿ ಅಲ್ಲಿ ಸಿಕ್ಕಿಕೊಳ್ಳುವುದಿಲ್ಲ. ಸಿಕ್ಕಿಕೊಂಡರೆ ಆ ಒಂದೇ ಚೂರು ಅಲಗಿನ ಮೇಲೆ ಉದ್ದಕ್ಕೆ ಗೀರು ಎಳೆಯುತ್ತಾ ಹೋಗುತ್ತದೆ, ಆಮೇಲೆ ಆ ಗೀರು ತೆಗೆಯೋಕೆ ಅರ್ಧ ದಿನ.

ಬಾಯಿಯ ನಡುಗೆರೆ ಹಾಕೋಕೆ ಒಂದು ಸುಲಭ ಉಪಾಯ ಇದೆ. ಬಾಯಿ ಬರಬೇಕಾದ ಅಂಚಿಗೆ ಮಾರ್ಕರ್ ಶಾಯಿ ಬಳಿಯಿರಿ. ಪಟ್ಟಿ ಎಷ್ಟು ದಪ್ಪ ಇದೆಯೋ ಅಷ್ಟೇ ದಪ್ಪದ ಡ್ರಿಲ್ ಬಿಟ್ ತಗೊಂಡು, ಎರಡನ್ನೂ ಸಮತಟ್ಟಾದ ಗಾಜಿನ ಮೇಲೆ ಮಲಗಿಸಿ, ಬಿಟ್‌ನ ಮೊನೆಯಿಂದ ಅಂಚಿನುದ್ದಕ್ಕೂ ಗೀರಿ. ಬಿಟ್‌ನ ಮೊನೆ ಅದರ ನಟ್ಟನಡುವೆ ಇರುತ್ತದಲ್ವಾ, ಗೆರೆ ತಾನಾಗಿ ನಡುವೆ ಬೀಳುತ್ತದೆ. ಪಟ್ಟಿ ತಿರುಗಿಸಿ ಇನ್ನೊಂದು ಗೆರೆ ಹಾಕಿ. ಎರಡರ ನಡುವೆ ಕೂದಲೆಳೆಯಷ್ಟು ಜಾಗ ಉಳಿದರೂ ಪರವಾಗಿಲ್ಲ. ಎರಡೂ ಕಡೆಯಿಂದ ಅರ ಹಾಕುತ್ತಾ ಈ ಗೆರೆ ಮುಟ್ಟುವವರೆಗೆ ಇಳಿಜಾರು ಇಳಿಸಬೇಕು. ಕೊನೆಗೆ ಅರವನ್ನ ಅಡ್ಡಲಾಗಿ ಎರಡೂ ಕೈಯಲ್ಲಿ ಹಿಡಿದು ಅಲಗಿನುದ್ದಕ್ಕೆ ಎಳೆದರೆ ಮೈ ನುಣ್ಣಗಾಗುತ್ತದೆ. ಇದನ್ನ ಡ್ರಾ ಫೈಲಿಂಗ್ ಅಂತಾರೆ. ನನಗೆ ಇಡೀ ಕೆಲಸದಲ್ಲಿ ಅತಿ ಇಷ್ಟದ ಭಾಗ ಇದೇ. ಬೆಳಕಿಗೆ ಹಿಡಿದರೆ ಎಲ್ಲಿ ಉಬ್ಬು, ಎಲ್ಲಿ ತಗ್ಗು ಅಂತ ಹೊಳಪೇ ತೋರಿಸಿಕೊಡುತ್ತದೆ.

ಬಾಯಿಯನ್ನ ಈಗಲೇ ಹರಿತ ಮಾಡಬಾರದು. ಮುಕ್ಕಾಲು ಮಿಲಿಮೀಟರ್‌ನಷ್ಟಾದರೂ ದಪ್ಪ ಬಿಡಿ. ತೆಳ್ಳಗೆ ಮಾಡಿಟ್ಟರೆ ಎಣ್ಣೆಯಲ್ಲಿ ಅದ್ದಿದಾಗ ಅಲೆ ಅಲೆಯಾಗಿ ತಿರುಚುತ್ತದೆ, ಇಲ್ಲವೇ ಬಿರುಕು ಬಿಡುತ್ತದೆ. ಹಿಡಿಗೆ ಬೇಕಾದ ತೂತುಗಳನ್ನೂ ಈಗಲೇ ಕೊರೆದುಬಿಡಿ, ಗಟ್ಟಿಯಾದ ಮೇಲೆ ಸಾಮಾನ್ಯ ಬಿಟ್ ಒಳಗೆ ಇಳಿಯೋದಿಲ್ಲ.

ಇನ್ನು ಬೆಂಕಿ. ಸಣ್ಣ ಅಲಗಿಗೆ ಫೈರ್ ಬ್ರಿಕ್‌ನಲ್ಲಿ (ಬೆಂಕಿ ತಡೆಯೋ ಇಟ್ಟಿಗೆ) ಮಾಡಿದ ಪುಟ್ಟ ಗೂಡು, ಒಂದು ಗ್ಯಾಸ್ ಟಾರ್ಚ್ ಸಾಕು. ಬಿಸಿಲಲ್ಲಿ ಮಾತ್ರ ಈ ಕೆಲಸ ಮಾಡಬೇಡಿ. ಉಕ್ಕಿನ ಬಣ್ಣ ಬಿಸಿಲಲ್ಲಿ ಮೋಸ ಮಾಡುತ್ತದೆ, ಮಬ್ಬುಗತ್ತಲೆ ಬೇಕು. ಉಕ್ಕು ಸುಮಾರು 770 ಡಿಗ್ರಿ ಸೆಲ್ಸಿಯಸ್ ದಾಟಿದರೆ ಅಯಸ್ಕಾಂತಕ್ಕೆ ಅಂಟೋದು ನಿಲ್ಲಿಸುತ್ತದೆ. 1084ಕ್ಕೆ ಬೇಕಾಗಿರೋದು ಸುಮಾರು 815. ಅಂದರೆ ಅಯಸ್ಕಾಂತ ಕೈಬಿಟ್ಟ ಮೇಲೆ ಬಣ್ಣ ಇನ್ನೊಂದು ಚೂರು ಏರಬೇಕು. ಮೊದಲು ಎರಡು ಮೂರು ಸಲ ಹೀಗೆ ಕಾಯಿಸಿ ಸುಮ್ನೆ ಗಾಳಿಯಲ್ಲಿ ಆರಲು ಬಿಟ್ಟರೆ ಒಳಗಿನ ಕಣ ಸಣ್ಣದಾಗುತ್ತದೆ, ಅಲಗು ಸೊಟ್ಟಗಾಗೋದೂ ಕಡಿಮೆಯಾಗುತ್ತದೆ.

ಕತ್ತಲಲ್ಲಿ ನೋಡುತ್ತಾ ನಿಂತರೆ ಇನ್ನೊಂದು ವಿಚಿತ್ರ ಕಾಣುತ್ತದೆ. ಅಲಗು ಕೆಂಪಾಗುತ್ತಾ ಬರುವಾಗ ತೆಳ್ಳನೆ ಅಂಚುಗಳು ಮೊದಲು ಬೆಳಗುತ್ತವೆ, ನಡುವೆ ಮಾತ್ರ ಒಂದು ಕಪ್ಪು ನೆರಳು ಉಳಿಯುತ್ತದೆ. ಬಿಸಿ ಕೊಡುತ್ತಲೇ ಇದ್ದರೂ ಆ ಜಾಗ ಸ್ವಲ್ಪ ಹೊತ್ತು ಮುಂದೆ ಹೋಗೋದೇ ಇಲ್ಲ. ಆಮೇಲೆ ನೆರಳು ಮೆಲ್ಲಗೆ ಬೆನ್ನಿನ ಕಡೆ ಸರಿದು ಕರಗಿ ಹೋಗುತ್ತದೆ. ಉಕ್ಕಿನ ಒಳರಚನೆ ಬದಲಾಗುವಾಗ ಬಿಸಿಯನ್ನ ಅದೇ ನುಂಗಿಕೊಳ್ಳುತ್ತದೆ, ಅದಕ್ಕೇ ಹಾಗೆ ಕಾಣೋದು. ಈ ನೆರಳನ್ನ ಗುರುತಿಸೋಕೆ ಕಲಿತ ಮೇಲೆ ಅಯಸ್ಕಾಂತದ ಅಗತ್ಯವೇ ನನಗೆ ಹೆಚ್ಚು ಬೀಳುತ್ತಿಲ್ಲ.

ನೆರಳು ಪೂರ್ತಿ ಹೋಗಿ, ಬಣ್ಣ ಎಲ್ಲ ಕಡೆ ಒಂದೇ ಸಮ ಬಂದ ಮೇಲೆ ನೇರ ಎಣ್ಣೆಗೆ. 1084 ಇಲ್ಲಿ ಸಮಯ ಕೊಡೋದಿಲ್ಲ, ಒಂದು ಸೆಕೆಂಡಿನ ಆಸುಪಾಸಿನಲ್ಲೇ ಅದರ ಬಿಸಿ ಜರ್ರನೆ ಇಳಿಯಬೇಕು, ಹಾಗಾಗಿ ಎಣ್ಣೆ ಡಬ್ಬ ಗೂಡಿನ ಪಕ್ಕದಲ್ಲೇ ಇರಲಿ. ಕ್ಯಾನೋಲಾ ಎಣ್ಣೆ ನಡೆಯುತ್ತದೆ. ಅದನ್ನ 50 ಡಿಗ್ರಿ ಆಸುಪಾಸಿಗೆ ಬೆಚ್ಚಗೆ ಮಾಡಿಕೊಳ್ಳಿ, ಬೆಚ್ಚಗಿನ ಎಣ್ಣೆ ತೆಳ್ಳಗಾಗಿ ಉಕ್ಕನ್ನ ಬೇಗ ತಣಿಸುತ್ತದೆ. ಕೇಳೋಕೆ ಉಲ್ಟಾ ಅನಿಸುತ್ತದೆ, ಆದರೆ ಅದೇ ನಿಜ. ಅಲಗನ್ನ ಮೇಲೆ ಕೆಳಗೆ ಆಡಿಸಬಹುದು, ಪಕ್ಕಕ್ಕೆ ಅಲ್ಲಾಡಿಸಬಾರದು. ಎಣ್ಣೆ ಹೊತ್ತಿಕೊಳ್ಳಬಹುದು, ಲೋಹದ ಡಬ್ಬ ಮತ್ತು ಅದಕ್ಕೆ ಸರಿಯಾದ ಮುಚ್ಚಳ ಕೈಗೆ ಸಿಗುವಂತಿರಲಿ. ಗಾಡಿಯಿಂದ ಇಳಿಸಿದ ಹಳೇ ಇಂಜಿನ್ ಆಯಿಲ್ ಬೇಡವೇ ಬೇಡ, ಅದರ ಹೊಗೆ ಕೆಟ್ಟದ್ದು. ಸತುವಿನ ಲೇಪ ಇರೋ ಯಾವ ವಸ್ತುವನ್ನೂ ಬೆಂಕಿಗೆ ಇಡಬೇಡಿ.

ಗಟ್ಟಿಯಾಯಿತಾ ಅಂತ ಹೇಳೋದೂ ಅರವೇ. ಮೆತ್ತಗಿದ್ದರೆ ಕಚ್ಚುತ್ತದೆ. ಗಟ್ಟಿಯಾಗಿದ್ದರೆ ಗಾಜಿನ ಮೇಲೆ ಜಾರಿದ ಹಾಗೆ ಕಿರ್ ಅಂತ ಜಾರಿ ಹೋಗುತ್ತದೆ. ಇಲ್ಲೊಂದು ಸೂಕ್ಷ್ಮ ಇದೆ: ಬೆಂಕಿಯಲ್ಲಿ ಮೇಲ್ಪದರದ ಕಾರ್ಬನ್ ಸ್ವಲ್ಪ ಸುಟ್ಟುಹೋಗಿರುತ್ತದೆ, ಹಾಗಾಗಿ ಮೊದಲ ಒಂದೆರಡು ಎಳೆತಕ್ಕೆ ಅರ ಕಚ್ಚಿದರೂ ಗಾಬರಿ ಬೇಡ. ಆ ಪದರ ಹೋದ ಮೇಲೆ ಜಾರಿದರೆ ಸರಿ. ಅಲ್ಲೂ ಕಚ್ಚುತ್ತಿದ್ದರೆ ಮತ್ತೆ ಕಾಯಿಸಿ ಅದ್ದಬೇಕು.

ಈ ಹಂತದಲ್ಲಿ ಅಲಗು ಗಾಜಿನಷ್ಟೇ ಪೆಡಸು. ಕೆಳಗೆ ಬಿದ್ದರೆ ಎರಡು ಹೋಳಾಗಬಹುದು. ಆ ಪೆಡಸು ಇಳಿಸೋಕೆ ತಡಮಾಡದೆ ಓವನ್‌ನಲ್ಲಿ ಸುಮಾರು 200 ಡಿಗ್ರಿಯಲ್ಲಿ ಎರಡು ಗಂಟೆ, ಆರಿದ ಮೇಲೆ ಇನ್ನೊಮ್ಮೆ ಎರಡು ಗಂಟೆ ಇಡಬೇಕು. ಓವನ್‌ನ ತಿರುಗುಗುಂಡಿ ತೋರಿಸೋ ಅಂಕಿ ನಂಬಬೇಡಿ, ಒಳಗೆ ಬೇರೆ ಥರ್ಮಾಮೀಟರ್ ಇಡಿ. ಮೊದಲೇ ಒಂದು ಕಡೆ ಸ್ವಲ್ಪ ಉಜ್ಜಿ ಹೊಳಪು ಬರಿಸಿದ್ದರೆ ಅಲ್ಲಿ ತಿಳಿ ಹುಲ್ಲಿನ ಬಣ್ಣ ಬಂದಿರುತ್ತದೆ. ನೀಲಿ ಬಂದರೆ ಬಿಸಿ 300ರ ಹತ್ತಿರ ಹೋಗಿದೆ ಅಂತ ಅರ್ಥ, ಚಾಕುವಿನ ಬಾಯಿಗೆ ಅಷ್ಟು ಮೆತ್ತಗಾದರೆ ಆಗೋದಿಲ್ಲ. ಇದೇ ಕಾರಣಕ್ಕೆ ಇಲ್ಲಿಂದ ಮುಂದೆ ಗ್ರೈಂಡರ್ ಬಳಸಿದರೆ ಗ್ಲೌಸ್ ಇಲ್ಲದೆ ಅಲಗು ಹಿಡಿಯುತ್ತೇನೆ. ಬೆರಳಿಗೆ ಬಿಸಿ ತಾಗಿದ ಕೂಡಲೇ ನೀರಿಗೆ ಅದ್ದಬೇಕು.

ಹಿಡಿಯ ಬಗ್ಗೆ ಜಾಸ್ತಿ ಹೇಳೋದಿಲ್ಲ. ಎರಡು ಮರದ ಹಲಗೆ, ಎಪಾಕ್ಸಿ, ಹಿತ್ತಾಳೆ ಪಿನ್. ಕ್ಲ್ಯಾಂಪ್ ತೀರಾ ಬಿಗಿದರೆ ಅಂಟೆಲ್ಲ ಹೊರಗೆ ಬಂದುಬಿಡುತ್ತದೆ. ಮರದ ಧೂಳಿಗೂ ಉಕ್ಕಿನ ಧೂಳಿಗೂ ಬಟ್ಟೆ ಕಟ್ಟಿಕೊಂಡರೆ ಸಾಲದು, ಫಿಲ್ಟರ್ ಇರೋ ಮಾಸ್ಕ್ ಹಾಕಿ.

ಸಾಣೆ ಹಿಡಿದ ಮೇಲೆ ಬಾಯಿಯನ್ನ ಒಂದು ಹಿತ್ತಾಳೆ ಸರಳಿನ ಮೇಲೆ ಓರೆಯಾಗಿ ಒತ್ತಿ ಎಳೆದು ನೋಡಿ. ಬಾಯಿ ಸ್ವಲ್ಪ ಬಾಗಿ ಮತ್ತೆ ನೆಟ್ಟಗಾದರೆ ಹದ ಸರಿಯಿದೆ. ಚಕ್ಕೆ ಎದ್ದರೆ ಗಟ್ಟಿ ಜಾಸ್ತಿ, ಓವನ್‌ನಲ್ಲಿ ಹತ್ತಿಪ್ಪತ್ತು ಡಿಗ್ರಿ ಏರಿಸಿ ಮತ್ತೊಮ್ಮೆ ಇಡಿ. ಬಾಗಿದ್ದು ಬಾಗಿದಂತೆಯೇ ಉಳಿದರೆ ಒಂದೋ ಬಾಯಿ ತೀರಾ ತೆಳ್ಳಗಾಗಿದೆ, ಇಲ್ಲವೇ ಉಕ್ಕು ಮೆತ್ತಗಿದೆ. ಮೆತ್ತಗಿದ್ದರೆ ಬೇರೆ ದಾರಿಯಿಲ್ಲ, ಮತ್ತೆ ಕುಲುಮೆಗೆ.

ಸುತ್ತಿಗೆ ಕೆಲಸಕ್ಕೆ ಬಂದಿದ್ದು ಇಷ್ಟೆಲ್ಲ ಕೈಗೆ ಹತ್ತಿದ ಮೇಲೆ. ಬಡಿದು ರೂಪ ಕೊಟ್ಟ ಅಲಗಿನ ಮೈಮೇಲೆ ಕಪ್ಪನೆ ಚಕ್ಕೆ ಕೂತಿರುತ್ತದೆ, ಅದು ಅರದ ಹಲ್ಲನ್ನೇ ತಿಂದುಹಾಕುವಷ್ಟು ಗಟ್ಟಿ. ರಾತ್ರಿಯಿಡೀ ವಿನೆಗರ್‌ನಲ್ಲಿ ನೆನೆಹಾಕಿ ಬೆಳಿಗ್ಗೆ ತಂತಿ ಬ್ರಷ್‌ನಿಂದ ಉಜ್ಜಿದರೆ ಬಿಟ್ಟುಕೊಳ್ಳುತ್ತದೆ. ತೊಳೆದು ಒರೆಸಿ ಕೂಡಲೇ ಎಣ್ಣೆ ಸವರಿಬಿಡಿ, ವಿನೆಗರ್‌ನಿಂದ ಬಂದ ಉಕ್ಕು ನೋಡನೋಡುತ್ತಲೇ ತುಕ್ಕು ಹಿಡಿಯುತ್ತದೆ.