ಕ್ರಿಸ್‌ಮಸ್ ಕ್ಯಾಕ್ಟಸ್‌ಗೆ ಗೊಬ್ಬರ ಕೊಡುವ ಮತ್ತು ಕುಂಡ ಬದಲಿಸುವ ಕ್ರಮ

ಕ್ರಿಸ್‌ಮಸ್ ಕ್ಯಾಕ್ಟಸ್ ಎಂದು ಹೆಸರಾದ ಶ್ಲಂಬರ್ಗೆರಾ ಕುಲದ ಗಿಡಗಳು ಕಳ್ಳಿಯ ಜಾತಿಗೆ ಸೇರಿದವಾದರೂ ಮರುಭೂಮಿಯಲ್ಲಿ ಹುಟ್ಟಿದವುಗಳಲ್ಲ. ಬ್ರೆಜಿಲ್ ದೇಶದ ಆಗ್ನೇಯ ಭಾಗದ ಬೆಟ್ಟಗಾಡುಗಳಲ್ಲಿ, ಮರದ ಕೊಂಬೆಗಳ ಮೇಲೂ ಬಂಡೆಗಳ ಬಿರುಕುಗಳಲ್ಲೂ, ಕೊಳೆತ ಎಲೆಗಳ ತೆಳುವಾದ ಪದರದಲ್ಲಿ ಬೇರೂರಿ ಅವು ಬೆಳೆಯುತ್ತವೆ. ಅಲ್ಲಿ ಮಳೆಯ ನೀರು ಬೇರನ್ನು ತೋಯಿಸಿ ಹರಿದುಹೋಗುತ್ತದೆ. ಆಹಾರವೂ ಸ್ವಲ್ಪಸ್ವಲ್ಪವಾಗಿಯೇ ದೊರೆಯುತ್ತದೆ. ಗೊಬ್ಬರದ ಪ್ರಮಾಣವನ್ನಾಗಲಿ, ಕುಂಡದ ಗಾತ್ರವನ್ನಾಗಲಿ ನಿರ್ಧರಿಸುವಾಗ ಈ ನೆಲೆಯನ್ನು ನೆನಪಿನಲ್ಲಿಟ್ಟುಕೊಂಡರೆ ಹೆಚ್ಚಿನ ಗೊಂದಲಗಳು ತಾವಾಗಿಯೇ ಬಗೆಹರಿಯುತ್ತವೆ.

ಈ ಗಿಡದ ಕುಂಡವನ್ನು ಪ್ರತಿ ವರ್ಷ ಬದಲಿಸುವ ಅಗತ್ಯವಿಲ್ಲ. ಬೇರುಗಳಿಗೆ ಜಾಗ ತುಸು ಇಕ್ಕಟ್ಟಾಗಿದ್ದಾಗಲೇ ಅದು ಚೆನ್ನಾಗಿ ಹೂಬಿಡುತ್ತದೆ. ಆದ್ದರಿಂದ 2ರಿಂದ 4 ವರ್ಷಗಳಿಗೊಮ್ಮೆ ಬದಲಿಸಿದರೆ ಸಾಕು. ಕುಂಡದ ತಳದ ರಂಧ್ರದಿಂದ ಬೇರುಗಳು ಹೊರಬಂದಿದ್ದರೆ, ಹಾಕಿದ ನೀರು ಒಳಗೆ ನಿಲ್ಲದೆ ಒಡನೆಯೇ ಸೋರಿಹೋಗುತ್ತಿದ್ದರೆ, ಇಲ್ಲವೇ ಹಳೆಯ ಮಣ್ಣು ಕುಸಿದು ಗಟ್ಟಿಯಾಗಿ ದಿನಗಟ್ಟಲೆ ಒದ್ದೆಯಾಗಿಯೇ ಉಳಿಯುತ್ತಿದ್ದರೆ ಬದಲಾವಣೆಯ ಕಾಲ ಬಂದಿದೆ ಎಂದು ತಿಳಿಯಬೇಕು. ಹೂಗಳೆಲ್ಲ ಉದುರಿ ಗಿಡ ಕೆಲವು ವಾರ ವಿಶ್ರಾಂತಿ ಪಡೆದು, ಹೊಸ ಚಿಗುರು ಮೂಡುವ ಹೊತ್ತೇ ಇದಕ್ಕೆ ತಕ್ಕ ಸಮಯ. ಮೊಗ್ಗುಗಳಿರುವಾಗ ಬೇರನ್ನು ಕದಲಿಸಿದರೆ ಮೊಗ್ಗುಗಳು ಉದುರುವ ಸಂಭವ ಹೆಚ್ಚು. ಆಗ ಎಷ್ಟೇ ತುರ್ತೆನಿಸಿದರೂ ಕಾಯುವುದೇ ಲೇಸು.

ಹೊಸ ಕುಂಡವು ಹಳೆಯದಕ್ಕಿಂತ 2–3 ಸೆಂಟಿಮೀಟರ್‌ನಷ್ಟು ಮಾತ್ರ ಅಗಲವಾಗಿರಲಿ. ದೊಡ್ಡ ಕುಂಡದಲ್ಲಿ ಬೇರು ತಲುಪದ ಮಣ್ಣು ಬಹಳ ಹೊತ್ತು ಒದ್ದೆಯಾಗಿದ್ದು ಬೇರುಕೊಳೆಗೆ ದಾರಿಯಾಗುತ್ತದೆ. ಮಣ್ಣಿನ ಮಿಶ್ರಣಕ್ಕೆ ಕುಂಡದ ಗಿಡಗಳಿಗೆಂದು ಸಿದ್ಧಪಡಿಸಿದ ಹಗುರ ಮಣ್ಣು ಎರಡು ಪಾಲು, ಪರ್ಲೈಟ್ (ಮಣ್ಣನ್ನು ಸಡಿಲವಾಗಿಡುವ ಹಗುರವಾದ ಬಿಳಿ ಹರಳುಗಳು) ಅಥವಾ ತೊಳೆದ ದಪ್ಪ ಮರಳು ಒಂದು ಪಾಲು ಸೇರಿಸಬಹುದು. ಹಿಡಿಯಲ್ಲಿ ಅದುಮಿ ಬಿಟ್ಟಾಗ ಒದ್ದೆ ಮಿಶ್ರಣವು ಉಂಡೆಯಾಗಿ ನಿಲ್ಲದೆ ಉದುರುವಂತಿದ್ದರೆ ಹದ ಸರಿಯಾಗಿದೆ.

ಗಿಡವನ್ನು ಹೊರತೆಗೆಯುವಾಗ ಮಣ್ಣು ತುಸು ಆರಿರಬೇಕು. ಚಪ್ಪಟೆ ಕಾಂಡದ ತುಂಡುಗಳು ಒಂದಕ್ಕೊಂದು ಸೇರುವ ಗೆಣ್ಣುಗಳು ಸುಲಭವಾಗಿ ಮುರಿಯುವುದರಿಂದ ಕೊಂಬೆಗಳನ್ನು ಹಿಡಿದು ಎಳೆಯದೆ, ಬುಡಕ್ಕೆ ಅಂಗೈ ಆನಿಸಿ ಕುಂಡವನ್ನು ಓರೆಮಾಡಿ ಜಾರಿಸಬೇಕು. ಬೆರಳುಗಳಿಂದ ಹಳೆಯ ಮಣ್ಣನ್ನು ಮೆಲ್ಲಗೆ ಸಡಿಲಿಸಿ, ಕಂದು ಬಣ್ಣಕ್ಕೆ ತಿರುಗಿ ಮೆತ್ತಗಾದ ಬೇರುಗಳನ್ನು ಶುದ್ಧವಾದ ಕತ್ತರಿಯಿಂದ ತೆಗೆದುಹಾಕಿ, ಗಿಡವನ್ನು ಮೊದಲಿದ್ದ ಆಳದಲ್ಲಿಯೇ ನೆಡಬೇಕು. ಬುಡ ಹೂತುಹೋದರೆ ಕೊಳೆಯುತ್ತದೆ. ಬೇರಿಗೆ ಗಾಯವಾಗಿದ್ದರೆ ಎರಡು ಮೂರು ದಿನ ಬಿಟ್ಟು ನೀರು ಹಾಕುವುದು ಒಳ್ಳೆಯದು. ಅನಂತರ ಎರಡು ವಾರ ಬಿಸಿಲು ನೇರವಾಗಿ ಬೀಳದ, ಆದರೆ ಬೆಳಕಿರುವ ಕಡೆ ಇಡಬೇಕು. ಮುರಿದುಬಿದ್ದ ತುಂಡುಗಳನ್ನು ಎಸೆಯಬೇಕಾಗಿಲ್ಲ. ಒಂದೆರಡು ದಿನ ನೆರಳಿನಲ್ಲಿ ಗಾಯ ಒಣಗಿಸಿ ಇದೇ ಮಿಶ್ರಣದಲ್ಲಿ ನೆಟ್ಟರೆ ಅವೂ ಬೇರುಬಿಡುತ್ತವೆ.

ಕುಂಡ ಬದಲಿಸಿದ ಮೇಲೆ ಸುಮಾರು ಒಂದು ತಿಂಗಳು ಗೊಬ್ಬರ ಬೇಡ. ಗಾಯಗೊಂಡ ಬೇರಿನ ತುದಿಗಳಿಗೆ ಲವಣಗಳು ತಾಗಿದರೆ ಅವು ಸುಟ್ಟಂತಾಗುತ್ತವೆ. ಬಳಿಕ, ಚಿಗುರು ಬೆಳೆಯುವ ಕಾಲದುದ್ದಕ್ಕೂ ತಿಂಗಳಿಗೊಮ್ಮೆ, ಸಾರಜನಕ, ರಂಜಕ, ಪೊಟ್ಯಾಷ್ ಸಮವಾಗಿರುವ 20-20-20 ಮಾದರಿಯ ನೀರಿನಲ್ಲಿ ಕರಗುವ ಗೊಬ್ಬರವನ್ನು, ಪೊಟ್ಟಣದ ಮೇಲೆ ಸೂಚಿಸಿದ ಪ್ರಮಾಣದ ಅರ್ಧದಷ್ಟು ಮಾತ್ರ ಕರಗಿಸಿ ಕೊಡಬೇಕು. ಒಣ ಮಣ್ಣಿಗೆ ಗೊಬ್ಬರದ ನೀರನ್ನು ಎಂದಿಗೂ ಹಾಕಬಾರದು. ಮೊದಲು ಸಾದಾ ನೀರಿನಿಂದ ಮಣ್ಣನ್ನು ತೋಯಿಸಿರಬೇಕು. ಈ ಗಿಡಕ್ಕೆ ಮೆಗ್ನೀಸಿಯಂ ತುಸು ಹೆಚ್ಚಾಗಿಯೇ ಬೇಕಾಗುವುದರಿಂದ, 4 ಲೀಟರ್ ನೀರಿಗೆ ಒಂದು ಟೀ ಚಮಚ ಎಪ್ಸಂ ಉಪ್ಪನ್ನು ಕರಗಿಸಿ ತಿಂಗಳಿಗೊಮ್ಮೆ ಕೊಡುವ ರೂಢಿಯಿದೆ; ಅದನ್ನು ಉಳಿದ ಗೊಬ್ಬರದೊಡನೆ ಬೆರೆಸದೆ ಬೇರೊಂದು ವಾರದಲ್ಲಿ ಕೊಡಬೇಕು. ಮಣ್ಣಿನ ಮೇಲೆ ಬಿಳಿಯ ಪೊರೆ ಕಂಡರೆ ಲವಣ ಸಂಗ್ರಹವಾಗಿದೆ ಎಂದು ತಿಳಿದು, ತಳದಿಂದ ಧಾರಾಳವಾಗಿ ಹರಿದುಹೋಗುವಷ್ಟು ಸಾದಾ ನೀರು ಹಾಯಿಸಬೇಕು.

ಗೊಬ್ಬರ ಕೊಡುವುದಕ್ಕಿಂತ ಅದನ್ನು ಸಕಾಲದಲ್ಲಿ ನಿಲ್ಲಿಸುವುದೇ ಹೆಚ್ಚು ಮುಖ್ಯವೆಂದು ನನ್ನ ಅಭಿಪ್ರಾಯ. ಹಗಲು ಕಿರಿದಾಗತೊಡಗುವ ಮೊದಲೇ ಇದನ್ನು ನಿಲ್ಲಿಸದಿದ್ದರೆ ಸಾರಜನಕದ ಬಲದಿಂದ ಗಿಡ ಚಿಗುರುತ್ತಲೇ ಹೋಗಿ ಮೊಗ್ಗು ಕಟ್ಟುವುದನ್ನು ಮುಂದೂಡುತ್ತದೆ. ಮೊಗ್ಗಿಗೆ ಬೇಕಾದದ್ದು ಸುಮಾರು ಆರು ವಾರಗಳ ಕಾಲ ರಾತ್ರಿ 13 ಗಂಟೆಗೂ ಹೆಚ್ಚಿನ ಎಡೆಬಿಡದ ಕತ್ತಲೆ ಮತ್ತು ಹಿತವಾದ ತಂಪು. ಈ ಅವಧಿಯಲ್ಲಿ ಕೋಣೆಯ ದೀಪದ ಬೆಳಕೂ ಅಡ್ಡಿಯಾಗಬಲ್ಲದು. ಹೂವಿನ ಕಾಲವೆಲ್ಲ ಮುಗಿಯುವವರೆಗೂ ಗೊಬ್ಬರದ ಗೊಡವೆ ಬೇಡ.

ಹೂ ಮುಗಿದೊಡನೆ ಪ್ರತಿ ಕೊಂಬೆಯ ತುದಿಯಿಂದ ಒಂದೆರಡು ತುಂಡುಗಳನ್ನು ಗೆಣ್ಣಿನಲ್ಲಿ ತಿರುಚಿ ತೆಗೆದರೆ, ಆ ಜಾಗದಿಂದ ಸಾಮಾನ್ಯವಾಗಿ ಎರಡು ಚಿಗುರುಗಳು ಹೊರಡುತ್ತವೆ. ಹೂ ಬಿಡುವುದು ತುದಿಗಳಲ್ಲೇ ಆದ್ದರಿಂದ ಮುಂದಿನ ಸಲ ಹೂಗಳೂ ಹೆಚ್ಚುತ್ತವೆ.